ಟೇಕಲ್ ಬಂಡೆಯ ಹಲ್ಲುನೋವು

ನಮ್ಮ ಬಳಗಕ್ಕೆ ಹೊಸದಾಗಿ ಸೇರುವ ಹುಡುಗ ಹುಡುಗಿಯರಿಗೆ ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಮೇಡಂ ಹೇಳಲಿಲ್ಲ ಅನ್ನಬೇಡಿ. ನಮಗೆ ಚಿನ್ನ ಮಾಡೋಕೆ ಬರಲ್ಲ. ಮಾಯವಾಗೋಕೂ ಬರಲ್ಲ, ಬರೋ ಹಾಗಿದ್ದರೆ ನಾನು ಪ್ರತಿ ತಿಂಗಳ ಸಭೆಯಿಂದಲೂ ಮಾಯವಾಗಿರುತ್ತಿದ್ದೆ. ನಮಗೆ ಬರೋದು ಒಂದೇ. ಒಂದು ಕಡೆ ಇರೋದನ್ನ ಎತ್ತಿ ಇನ್ನೊಂದು ಕಡೆ ಇಡೋದು. ಅದೂ ಮೇಜು ಕುರ್ಚಿ ಅಲ್ಲ, ಅದಕ್ಕೆ ಹಮಾಲಿಗಳಿದ್ದಾರೆ. ಸೆಕೆ, ನೋವು, ಸದ್ದು, ನಿದ್ದೆ, ಇಂಥ ಹಿಡಿಗೆ ಸಿಗದ ಸಾಮಾನುಗಳನ್ನ. ಅದಕ್ಕೇ ನಮ್ಮದು ಎತ್ತಿಡುವವರ ಬಳಗ. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ನಮ್ಮ ಸೀಮೆ. ಕಲಿಯುತ್ತಿರುವವರನ್ನು ಹೊಸಗೈ ಅಂತಾರೆ, ಕಲಿತು ಮರೆತು ಬಳಗ ನಡೆಸುವವರನ್ನು ಹಿರಿಗೈ ಅಂತಾರೆ. ಇವರಿಬ್ಬರ ಮಧ್ಯೆ ಸಿಕ್ಕಿಕೊಂಡು ಮಾಲೂರಿನ ಹೊಸಗೈ ಮನೆಯಲ್ಲಿ ಪಾಠ ಹೇಳುತ್ತಿದ್ದವಳು ನಾನು.

ನಮ್ಮಲ್ಲಿ ಐವತ್ತಕ್ಕೇ ನಿವೃತ್ತಿ. ಬೆರಳು ನಡುಗೋಕೆ ಶುರುವಾದರೆ ಎತ್ತಿದ್ದು ಕೈತಪ್ಪಿ ಪಕ್ಕದವರ ಮೇಲೆ ಬೀಳುತ್ತೆ. ನನಗಂತೂ ಹದಿನೆಂಟಕ್ಕೇ ನಡುಗುತ್ತಿತ್ತು, ಆದರೆ ಅದು ವಯಸ್ಸಿನದಲ್ಲ, ಸ್ವಭಾವದ್ದು ಅಂತ ವೈದ್ಯರು ಹೇಳಿದ್ದರಿಂದ ಕೆಲಸ ಉಳಿಯಿತು. ಹುಡುಗರು ನನಗೆ ಗಾಬರಿ ಮೇಡಂ ಅಂತ ಹೆಸರಿಟ್ಟಿದ್ದರು. ಬೀಗ ಹಾಕಿ, ಎಳೆದು ನೋಡಿ, ಬಸ್ ಸ್ಟ್ಯಾಂಡಿನವರೆಗೂ ಹೋಗಿ, ವಾಪಸ್ ಬಂದು ಮತ್ತೆ ಎಳೆದು ನೋಡೋಳು ನಾನು. ಈಗ ನಿವೃತ್ತಿಯಾಗಿ ಮನೆಯಲ್ಲೇ ಇದ್ದೀನಿ, ಬೀಗ ಹಾಕೋ ಪ್ರಮೇಯವೇ ಇಲ್ಲ. ಬೀಗ ತುಕ್ಕು ಹಿಡಿದಿದ್ದರೆ ಏನು ಗತಿ ಅಂತ ಯೋಚನೆ.

ಮೊದಲ ಪಾಠ ಎಡಗೈಯದು. ಎಡಗೈಯನ್ನು ಬೆನ್ನ ಹಿಂದೆ ಮಡಚಿ ಇಟ್ಟುಕೊಳ್ಳಬೇಕು. ಎತ್ತೋದು ಇಡೋದು ಎಲ್ಲಾ ಬಲಗೈಯಲ್ಲೇ. ಯಾಕೆ ಅಂತ ನಮ್ಮ ತಂಡದಲ್ಲೊಬ್ಬ ಕೇಳಿದ್ದ. ಆಗಿನ ಹಿರಿಗೈ ಅವನನ್ನು ಮೇಲಿಂದ ಕೆಳಗೆ ನೋಡಿ, ಎಡಗೈಯಲ್ಲಿ ಊಟ ಬಡಿಸ್ತೀಯೇನ್ಲಾ ಅಂದರು. ಶಾಸ್ತ್ರ ಅಷ್ಟೇ. ನಮ್ಮ ನಿಯಮಗಳಲ್ಲಿ ಎಡಗೈ ಅನ್ನೋ ಪದವೇ ಬರೋದಿಲ್ಲ. ಮರ್ಯಾದಸ್ಥರು ಬರೆದ ನಿಯಮ ನೋಡಿ.

ಎರಡನೇ ಪಾಠವನ್ನು ನನಗೆ ಕಲಿಸಿದ್ದು ಮುನಿಯಮ್ಮ. ಆಕೆ ನಮ್ಮ ಗುರು. ಇಡೋ ಜಾಗ ಮೊದಲು ನೋಡು, ಎತ್ತೋದು ಆಮೇಲೆ ಅನ್ನೋದು ಆಕೆಯ ಮಾತು. ನಾನು ಅದನ್ನು ಕಂಠಪಾಠ ಮಾಡಿದ್ದೆ. ಕಂಠಪಾಠ ಮಾಡಿದ್ದಕ್ಕೂ ಮಾಡೋ ಕೆಲಸಕ್ಕೂ ಸಂಬಂಧ ಇರಬೇಕು ಅಂತ ಯಾರೂ ಹೇಳಿರಲಿಲ್ಲ.

ಶ್ರೀನಿವಾಸಪುರದಲ್ಲಿ ಮಾವಿನ ಮಂಡಿ ಸಾಹುಕಾರರೊಬ್ಬರ ಮನೆಯಲ್ಲಿ ನಾಮಕರಣ. ನಡುಬೇಸಿಗೆ, ಮನೆ ತುಂಬಾ ನೆಂಟರು. ಸೆಕೆ ತೆಗೀರಿ ಅಂತ ಕರೆಸಿದ್ದರು. ಮುನಿಯಮ್ಮ ಎಲೆ ಅಡಿಕೆ ಹಾಕಿಕೊಳ್ಳೋಷ್ಟರಲ್ಲಿ ನಾನು ಹುರುಪಿನಲ್ಲಿ ಒಂದೇ ಎಳೆತಕ್ಕೆ ಇಡೀ ಮನೆಯ ಸೆಕೆ ಎತ್ತಿಬಿಟ್ಟೆ. ಹೆಂಗಸರು ಶಾಲು ಹುಡುಕೋಕೆ ಶುರು ಮಾಡಿದರು. ಎಲ್ಲಿಟ್ಟೆ ಅಂತ ಮುನಿಯಮ್ಮ ಕೇಳಿದಾಗ ಹಿತ್ತಲ ಗೋದಾಮು ತೋರಿಸಿದೆ. ಬಾಗಿಲು ಹಾಕಿತ್ತು, ಖಾಲಿ ಅಂದುಕೊಂಡಿದ್ದೆ. ಅದರ ತುಂಬಾ ದೂರದ ಊರಿಗೆ ಲಾರಿ ಹತ್ತಬೇಕಿದ್ದ ಗಟ್ಟಿ ಕಾಯಿ. ಊಟಕ್ಕೆ ಎಲೆ ಹಾಕೋ ಹೊತ್ತಿಗೆ ಮನೆಯೆಲ್ಲ ಘಮಘಮ. ಸೀಕರಣೆ ಮಾಡ್ಸಿದಾರೆ ಕಣೇ ಅಂತ ನೆಂಟರು ಮಾತಾಡಿಕೊಂಡರು. ಸಾಹುಕಾರರು ಹೋಗಿ ಗೋದಾಮು ತೆಗೆದರೆ ಒಂದು ಕಾಯಿ ಉಳಿದಿಲ್ಲ, ಎಲ್ಲಾ ಹಣ್ಣು, ಕೆಳಗಿನವು ಆಗಲೇ ರಸ. ನಮ್ಮ ಕಡೆ ನಿಜವಾದ ಕೋಪ ಬಂದರೆ ಅದು ತೆಲುಗಿನಲ್ಲಿ ಬರುತ್ತೆ, ಅದೂ ಮೆಲ್ಲಗೆ. ಅವರು ನನ್ನನ್ನೇ ನೋಡುತ್ತಾ, ‘ಏಂದಮ್ಮಾ ಇದಿ’ ಅಂದರು. ಇದೇನಮ್ಮ ಇದು ಅಂತ. ಅಷ್ಟೇ. ಅಷ್ಟಕ್ಕೇ ನಾನು ಹೋಗಿ ಗೋದಾಮಿನ ಬಾಗಿಲನ್ನು ಮತ್ತೆ ಹಾಕಿಬಿಟ್ಟೆ. ಬೀದಿಗೆಲ್ಲ ಹಣ್ಣು ಹಂಚಿದರು. ಮುನಿಯಮ್ಮ ನನ್ನನ್ನು ಗೋದಾಮಿನ ಬಾಗಿಲಲ್ಲಿ ಕೂರಿಸಿ, ತಿನ್ನು, ನೀನಿಟ್ಟದ್ದನ್ನ ನೀನೇ ತಿನ್ನು ಅಂದರು. ಮಾವಿನಹಣ್ಣು ಕಂಡರೆ ಈಗಲೂ ಪಕ್ಕಕ್ಕೆ ತಿರುಗಿಕೊಳ್ತೀನಿ.

ಮುನಿಯಮ್ಮನ ಕಾಲದ ಕೆಲಸ ಹಂಚೋದು. ಒಂದು ಮಗುವಿಗೆ ಜ್ವರ ಅಂದರೆ ಆಕೆ ಬೀದಿಯಲ್ಲಿ ನಿಂತು ಯಾರ್ಯಾರು ಚೂರು ಇಟ್ಕೊಳ್ತೀರಿ ಅಂತ ಕೇಳುತ್ತಿದ್ದರು. ಅತ್ತೆ ಒಂದು ಪಾಲು, ತಾತ ಒಂದು ಪಾಲು, ಬೇಲಿ ಜಗಳದಲ್ಲಿ ಮಾತು ಬಿಟ್ಟಿದ್ದ ಪಕ್ಕದ ಮನೆಯಾಕೆ ಕೂಡ ಗೊಣಗುತ್ತಾ ಒಂದು ಪಾಲು. ಸಂಜೆವರೆಗೆ ಎಲ್ಲರ ಹಣೆಯೂ ಒಂಚೂರು ಬೆಚ್ಚಗೆ, ಅಷ್ಟೇ. ಜಾಗ ಕೊಡೋಕೆ ಇಷ್ಟ ಇಲ್ಲದವರ ಮೇಲೆ ಇಡೋ ಹಾಗಿಲ್ಲ. ಕೇಳೋದಕ್ಕೆ ಅರ್ಧ ದಿನ, ಎತ್ತೋದಕ್ಕೆ ಒಂದು ಚಿಟಿಕೆ ಹೊತ್ತು. ಕೇಳೋದೇ ಕೆಲಸ ಕಣೇ, ಉಳಿದದ್ದೆಲ್ಲ ಬರೀ ಕೈಚಳಕ ಅನ್ನೋರು.

ಆ ಅರ್ಧ ದಿನ ನಮ್ಮ ಹೊಸ ಹಿರಿಗೈ ನಂಜುಂಡಯ್ಯನವರ ಕಣ್ಣಿಗೆ ಬಿತ್ತು. ದಕ್ಷತೆ ಅನ್ನೋ ಪದವನ್ನು ಅವರು ಎಲ್ಲಿಂದಲೋ ತಂದಿದ್ದರು, ಅದನ್ನು ಇಡೋಕೆ ಜಾಗ ಹುಡುಕುತ್ತಿದ್ದರು. ಸಭೆ ಕರೆದು ಹೇಳಿದರು: ಟೇಕಲ್ ಬೆಟ್ಟದಲ್ಲಿ ದೊಡ್ಡ ಬಂಡೆ ಇದೆ. ಅದಕ್ಕೆ ಹೆಂಡತಿ ಮಕ್ಕಳಿಲ್ಲ, ಬಾಯಿಲ್ಲ, ಅರ್ಜಿ ಬರೆಯೋಕೆ ಬರಲ್ಲ. ಇನ್ನು ಮೇಲೆ ಎಲ್ಲಿ ಎತ್ತಿದರೂ ಅಲ್ಲಿಗೇ ಇಡಿ. ಚಪ್ಪಾಳೆ ಬಿತ್ತು. ನಾನೂ ತಟ್ಟಿದೆ. ಮುನಿಯಮ್ಮ ಮಾತ್ರ ಎಲೆ ಅಡಿಕೆ ಜಗಿಯುತ್ತಾ ಕೂತಿದ್ದರು. ಬಂಡೇನ ಕೇಳಿದ್ರಾ ಅಂದರು. ಎಲ್ಲರೂ ನಕ್ಕರು, ವಯಸ್ಸಾಯಿತು ಅಂತ. ಅದೇ ವರ್ಷ ಆಕೆಗೆ ನಿವೃತ್ತಿಯೂ ಆಯಿತು.

ಸುಳ್ಳು ಯಾಕೆ ಹೇಳಲಿ, ಕೆಲಸ ಸಲೀಸಾಯಿತು. ಕೋಲಾರದ ಟೊಮೆಟೊ ಮಾರುಕಟ್ಟೆಯಲ್ಲಿ ಬಾಕ್ಸುಗಳ ಸಾಲಿನ ಮುಂದೆ ಹೊಸಗೈಗಳನ್ನು ನಿಲ್ಲಿಸಿದರೆ ಮಧ್ಯಾಹ್ನದೊಳಗೆ ಇಡೀ ಅಂಗಳದ ಬಿಸಿಲ ಝಳ ಟೇಕಲ್‌ಗೆ. ಹರಾಜಿನ ಗದ್ದಲ ತಡೆಯೋಕಾಗಲ್ಲ ಅಂದವರಿಗೆ ಗದ್ದಲವೂ ಟೇಕಲ್‌ಗೆ. ಬಾಣಂತಿಯ ಬೆನ್ನುನೋವು, ಪರೀಕ್ಷೆಗೆ ಓದೋ ಮಕ್ಕಳ ತೂಕಡಿಕೆ, ಗಂಡನ ಗೊರಕೆ, ಎಲ್ಲಾ ಟೇಕಲ್‌ಗೆ. ನಮ್ಮ ಹಾಸ್ಟೆಲಿನ ಸೀದ ಉಪ್ಪಿಟ್ಟಿನ ವಾಸನೆಯನ್ನೂ ಹುಡುಗರು ಅಲ್ಲಿಗೇ ಕಳಿಸಿದರು. ನನ್ನ ಬೈಗುಳವನ್ನೂ ಕಳಿಸುತ್ತಿದ್ದರು ಅಂತ ಆಮೇಲೆ ಗೊತ್ತಾಯಿತು. ನಾನು ಬಾಯಿ ಆಡಿಸ್ತಿದ್ದೀನಿ, ತರಗತಿ ಶಾಂತವಾಗಿದೆ, ಎಷ್ಟು ಶಿಸ್ತು ಅಂತ ಹೆಮ್ಮೆ ಪಟ್ಟಿದ್ದೆ.

ಹೀಗೇ ವರ್ಷಗಳು ಹೋದವು. ಒಂದು ಬೆಳಿಗ್ಗೆ ಟೇಕಲ್ ಕಡೆಯ ರೈತ ಪಿಳ್ಳಪ್ಪ ಕೆನ್ನೆಗೆ ಟವೆಲ್ ಕಟ್ಟಿಕೊಂಡು ನಮ್ಮ ಬಾಗಿಲಿಗೆ ಬಂದ. ಆಡು ಮೇಯಿಸುತ್ತಾ ಬಂಡೆ ಮೇಲೆ ಕೂತಿದ್ದನಂತೆ, ಎದ್ದಾಗಿನಿಂದ ವಿಪರೀತ ಹಲ್ಲುನೋವು. ಯಾವ ಹಲ್ಲಪ್ಪ ಅಂತ ಬಾಯಿ ತೆಗೆಸಿದರೆ ಒಂದೂ ಇಲ್ಲ. ಅವನಿಗೆ ಹಲ್ಲು ಬಿದ್ದು ಬಹಳ ಕಾಲವಾಗಿತ್ತು. ಅವನಿಗೆ ನೋವಿಗಿಂತ ಹೆಚ್ಚು ಅವಮಾನವಾಗಿತ್ತು. ಜೊತೆಗೆ ಆಡುಗಳು ನಿಂತ ನಿಂತಲ್ಲೇ ನಿದ್ದೆ ಹೋಗ್ತವೆ ಅಂದ. ರೈಲು ನಿಲ್ದಾಣದಲ್ಲಿ ಕೂತವರು ಸುಮ್ಮಸುಮ್ಮನೆ ಅಳ್ತಾರೆ, ಯಾಕೆ ಅಂದರೆ ಅವರಿಗೇ ಗೊತ್ತಿಲ್ಲ ಅಂದ.

ಹೋಗಿ ಬಂಡೆಗೆ ಅಂಗೈ ಇಟ್ಟೆ. ಚಳಿಗಾಲದ ಬೆಳಿಗ್ಗೆ, ಬಂಡೆ ಜ್ವರ ಬಂದ ಮಗುವಿನ ಹಾಗೆ ಕಾದಿತ್ತು. ಕಿವಿಯಿಟ್ಟರೆ ಒಳಗೆ ಟೊಮೆಟೊ ಹರಾಜು ನಡೀತಿದೆ, ಯಾರೋ ಗೊರಕೆ ಹೊಡೀತಿದ್ದಾರೆ, ಅವೆರಡರ ಮಧ್ಯೆ ನನ್ನದೇ ದನಿ: ಲೇ, ಬಾಗಿಲು ಹಾಕಿದ್ಯೇನೋ, ಸರಿಯಾಗಿ ನೋಡಿದ್ಯಾ? ನನ್ನ ದನಿ ಅಷ್ಟು ಕೀರಲು ಅಂತ ನನಗೆ ಯಾರೂ ಹೇಳಿರಲಿಲ್ಲ. ತುಂಬಿಹೋಗಿತ್ತು ಬಂಡೆ. ಅಂಚಿನಲ್ಲಿ ತುಳುಕುತ್ತಿತ್ತು.

ನಂಜುಂಡಯ್ಯನವರಿಗೆ ಹೇಳಿದೆ. ತಪಾಸಣೆಗೆ ಬಂದರು. ಜೀಪಿನ ಗಾಜನ್ನು ಅರ್ಧ ಇಳಿಸಿ, ಬಂಡೆ ಬಂಡೆ ಥರಾನೇ ಇದೆಯಲ್ಲಮ್ಮ, ನಿಮಗೆ ಗಾಬರಿ ಜಾಸ್ತಿ ಅಂದು ಗಾಜು ಏರಿಸಿದರು. ಮಾರನೇ ವಾರ ಅಲ್ಲೊಂದು ಬೋರ್ಡು ಬಂತು, ಇಲ್ಲಿ ಕೂರಬಾರದು ಅಂತ. ಆಮೇಲೆ ಎಲ್ಲರ ಮೊಬೈಲಿಗೂ ಒಂದು ಆ್ಯಪ್ ಬಂತು. ಅದರಲ್ಲಿ ಬಂಡೆಯ ಚಿತ್ರ, ಪಕ್ಕದಲ್ಲಿ ಹಸಿರು ಚುಕ್ಕೆ. ಹಸಿರಿದ್ದರೆ ಜಾಗ ಇದೆ ಅಂತರ್ಥ. ಅದು ಯಾವತ್ತಾದರೂ ಕೆಂಪಾಗುತ್ತಾ ಅಂತ ಕೇಳಿದ್ದಕ್ಕೆ, ಕೆಂಪು ಹಾಕೋಕೆ ಹೇಳಿಲ್ಲ ಮೇಡಂ ಅಂದ ಅದನ್ನು ಮಾಡಿದವನು.

ಇಷ್ಟರಲ್ಲಿ ನಂಗಲಿಯಿಂದ ನಾಗವೇಣಿ ಬಂದಳು. ಹೆದ್ದಾರಿ ಪಕ್ಕ ಅವರಪ್ಪನ ಪಂಚರ್ ಅಂಗಡಿ. ಗಡಿಯವಳು, ಮಾತಿನ ಅರ್ಧ ತೆಲುಗು. ಕೈಗುಣ ಅಂದರೆ ಅದು: ಬೆರಳು ಆಡಿಸಿದರೆ ನೋವು ಸಾಕಿದ ಬೆಕ್ಕಿನ ಹಾಗೆ ಎದ್ದು ಬರುತ್ತಿತ್ತು. ಆದರೆ ಟೇಕಲ್‌ಗೆ ಇಡು ಅಂದರೆ ಇಡಳು. ನಾನು ಎಲ್ಲ ಹೊಸಗೈಗಳನ್ನೂ ಒಮ್ಮೆ ಆ ಬಂಡೆ ಹತ್ತಿರ ಕರೆದುಕೊಂಡು ಹೋಗಿ ಕೈ ಇಡಿಸುತ್ತಿದ್ದೆ, ಹುಷಾರಿಗೆ ಅಂತ. ಉಳಿದವರು ಕೈ ಇಟ್ಟು ಅಯ್ಯೋ ಅಂದು ವಾಪಸ್ ಬಂದರು. ಇವಳು ತಲೆಗೆ ಹಚ್ಚಿಕೊಂಡಳು.

ರಜೆಗೆ ಊರಿಗೆ ಹೋದಾಗ ಒಬ್ಬ ಲಾರಿ ಡ್ರೈವರ್ ಇನ್ನೂ ದೂರ ಹೋಗಬೇಕು, ನಿದ್ದೆ ತೆಗಿಯಮ್ಮ ಅಂತ ಕೇಳಿದನಂತೆ. ಇವಳು ಮೊದಲು ಅಂಗಡಿ ಹಿಂದಿನ ಮನೆಗೆ ಹೋಗಿ, ರಾತ್ರಿಯೆಲ್ಲ ಕಣ್ಣು ಬಿಟ್ಟುಕೊಂಡು ಮಲಗೋ ಅಜ್ಜಿಯನ್ನು ಕೇಳಿ, ಆಮೇಲೆ ಡ್ರೈವರನ ನಿದ್ದೆ ಎತ್ತಿ ಅಜ್ಜಿಗೆ ಇಟ್ಟಳು. ಅಜ್ಜಿ ಮಾರನೇ ಮಧ್ಯಾಹ್ನ ಎದ್ದು ಇನ್ನೊಂದು ಲಾರಿ ಬಂತಾ ಅಂತ ಕೇಳಿದಳಂತೆ. ಮುನಿಯಮ್ಮನ ಕೆಲಸ ಇದು, ಯಾರೂ ಹೇಳಿಕೊಡದೆ ಬಂದಿತ್ತು. ನನಗೆ ಖುಷಿಯಾಯಿತು, ಆದ ತಕ್ಷಣ ಭಯವಾಯಿತು.

ಭಯಕ್ಕೆ ಕಾರಣ ಇತ್ತು. ಟೇಕಲ್‌ಗೆ ಇಡಲಿಲ್ಲ ಅಂತ ಅವಳನ್ನು ಪರೀಕ್ಷೆಯಲ್ಲಿ ಎರಡು ಸಲ ಫೇಲು ಮಾಡಿದ್ದರು. ಮೂರನೇ ಸಲವೂ ಹೋದರೆ ನಮ್ಮಲ್ಲಿ ಕೈ ಕಟ್ಟೋದು ಅಂತ ಒಂದಿದೆ. ಹಗ್ಗದಲ್ಲಲ್ಲ. ಬಲಗೈಯ ಕೈಗುಣವನ್ನೇ ಎತ್ತಿ ಬೇರೆ ಕಡೆ ಇಟ್ಟುಬಿಡ್ತಾರೆ. ಆಮೇಲೆ ಆ ಕೈ ಅನ್ನ ಕಲಸೋಕೆ ಸೈ, ಇನ್ಯಾವುದಕ್ಕೂ ಅಲ್ಲ, ಜೀವನಪೂರ್ತಿ. ಅದನ್ನು ಮಾಡಬೇಕಾದವರು ಕಲಿಸಿದ ಗುರುಗಳೇ. ನೋಡಿ ಎಂಥ ಚೆಂದದ ಸಂಪ್ರದಾಯ.

ಪರೀಕ್ಷೆಯ ಹಿಂದಿನ ದಿನ ಅವಳಿಗೆ ಹೇಳಿದೆ, ಬೇಡಿಕೊಂಡೆ ಅನ್ನಿ. ಒಂದೇ ಒಂದು ಸಲ ಟೇಕಲ್‌ಗೆ ಇಡು, ಅಷ್ಟು ತುಂಬಿರೋದಕ್ಕೆ ಇನ್ನೊಂದು ಯಾವ ಲೆಕ್ಕ. ಅವಳು ಒಗೆದ ಬಟ್ಟೆ ಮಡಚುತ್ತಿದ್ದಳು.

‘ನೀವೇ ಅಲ್ವಾ ಮೇಡಂ ಅಲ್ಲಿ ನನ್ನ ಕೈಯಿಡ್ಸಿದ್ದು? ಈಗ ನೀವೇ ಇಡು ಅನ್ನಿ, ಇಡ್ತೀನಿ.’

ಇಡು ಅನ್ನೋಕೆ ಬಾಯಿ ತೆಗೆದೆ. ಬಾಗಿಲು ಹಾಕಿದ್ಯಾ ಅಂತ ಕೇಳಿ ಹೊರಗೆ ಬಂದೆ.

ಪರೀಕ್ಷೆ ಕೋಲಾರದ ಸಭಾಂಗಣದಲ್ಲಿ. ವೇದಿಕೆ ಮೇಲೆ ನಂಜುಂಡಯ್ಯನವರು, ಜೊತೆಗೆ ಅತಿಥಿಗಳು. ಕೆಳಗೆ ಹೊಸಗೈಗಳು, ಅವರ ಅಪ್ಪ ಅಮ್ಮಂದಿರು, ಹಿಂದೆ ಮಾರುಕಟ್ಟೆಯ ಹಮಾಲಿಗಳು. ನಾಗವೇಣಿಗೆ ಸಿಕ್ಕ ರೋಗಿ ಹಮಾಲಿ ವೆಂಕಟೇಶ, ಹಲ್ಲುನೋವಿಗೆ ಒಂದು ಕೆನ್ನೆ ಟೊಮೆಟೊ ಆಗಿತ್ತು. ಅವಳು ಎಡಗೈ ಬೆನ್ನ ಹಿಂದೆ ಮಡಚಿ, ಬಲಗೈ ಎತ್ತಿ, ಹಾಗೇ ಸಭೆಯ ಕಡೆ ತಿರುಗಿದಳು.

‘ಈ ಅಣ್ಣನ ನೋವಲ್ಲಿ ಯಾರಾದ್ರೂ ಚೂರು ಇಟ್ಕೊಳ್ತೀರಾ? ಸಂಜೆ ಹೊತ್ಗೆ ಹೋಗುತ್ತೆ.’

ಮೊದಲು ನಗು. ಆಮೇಲೆ ಗ್ರೀಸ್ ಮೆತ್ತಿದ ಒಂದು ಕೈ ಮೇಲೆದ್ದಿತು, ಅವಳಪ್ಪನದು. ಹಿಂದಿನ ಸಾಲಿನ ಹಮಾಲಿಗಳು ಒಬ್ಬರನ್ನೊಬ್ಬರು ನೋಡಿಕೊಂಡು, ನಮ್ಮೋನೇ ಅಲ್ವಾ ಅಂದುಕೊಂಡು ಕೈ ಎತ್ತಿದರು. ಬಂಡೆಯ ವಿಷಯ ಕೇಳೋಕೆ ಅಂತ ಬಂದಿದ್ದ ಪಿಳ್ಳಪ್ಪ, ನಂಗಿದು ಅಭ್ಯಾಸ ಆಗೋಗದೆ ಕೊಡಮ್ಮ ಅಂದ. ನಾನು ಯಾವ ಹಲ್ಲಿಗೆ ಬಂದರೆ ಏನಾದೀತು ಅಂತ ಪೂರ್ತಿ ಯೋಚನೆ ಮಾಡಿ ಮುಗಿಸಿದ ಮೇಲೆ ಕೈ ಎತ್ತಿದೆ. ವೇದಿಕೆ ಮೇಲಿದ್ದವರಿಗೆಲ್ಲ ಅದೇ ಹೊತ್ತಿಗೆ ಫ್ಯಾನು ಸರಿಯಾಗಿ ತಿರುಗ್ತಿದೆಯಾ ಅನ್ನೋ ಅನುಮಾನ ಬಂದಿತ್ತು, ಮೇಲೆ ನೋಡುತ್ತಿದ್ದರು. ಅವಳ ಬೆರಳು ಆಡಿತು. ನನ್ನ ದವಡೆಯಲ್ಲಿ ತಣ್ಣೀರು ಕುಡಿದಷ್ಟು ಜುಮ್ಮೆಂದಿತು, ಅಷ್ಟೇ. ವೆಂಕಟೇಶ ಕೆನ್ನೆ ಮುಟ್ಟಿ ನೋಡಿಕೊಂಡು, ಅತಿಥಿಗಳಿಗೆ ಇಟ್ಟಿದ್ದ ತಟ್ಟೆಯಿಂದ ಚಕ್ಕುಲಿ ತೆಗೆದು ಕಟಂ ಅಂತ ಕಡಿದ.

ಫೇಲು. ನೋವು ಹೋಗಿದೆ, ಅದು ಸರಿ, ಪದ್ಧತಿ ಎಲ್ಲಿ ಅಂದರು ನಂಜುಂಡಯ್ಯನವರು. ಮಾರನೇ ಬೆಳಿಗ್ಗೆ ಅವರ ಕೋಣೆಯಲ್ಲೇ ಕೈ ಕಟ್ಟೋದು ಅಂತ ತೀರ್ಮಾನವಾಯಿತು.

ಆಗಲ್ಲ ಅಂತ ನಾನು ಹೇಳಬಹುದಿತ್ತು. ಹೇಳಿದ್ದರೆ ಅವಳ ಕೈಗುಣವನ್ನು ಅವರೇ ಎತ್ತಿ ಟೇಕಲ್‌ಗೆ ಎಸೆಯುತ್ತಿದ್ದರು. ಅದಕ್ಕೇ ಹೋದೆ. ನಾಗವೇಣಿ ಬಂದು ನಿಂತಳು. ರಾತ್ರಿಯೆಲ್ಲ ಅತ್ತಿದ್ದು ಮುಖದಲ್ಲಿ ಕಾಣುತ್ತಿತ್ತು, ಆದರೂ ಅಭ್ಯಾಸಬಲ, ಎಡಗೈ ಬೆನ್ನ ಹಿಂದೆ. ನನ್ನ ಕೈಯೆರಡೂ ಮಂಜುಗಡ್ಡೆ. ಕೈಗುಣ ಎಲ್ಲಿಡಲಿ ಸಾರ್ ಅಂತ ಕೇಳಿದೆ. ಇನ್ನೆಲ್ಲಿ, ಟೇಕಲ್‌ಗೆ ಅಂದರು. ಜಾಗ ನಾನು ನೋಡ್ಕೊಳ್ತೀನಿ ಸಾರ್ ಅಂದೆ.

ನೋಡಿದೆ. ಇಡೋ ಜಾಗ ಮೊದಲು ನೋಡು ಅಂತ ಮುನಿಯಮ್ಮ ಹೇಳಿದ್ದನ್ನು ಅಷ್ಟು ವರ್ಷದ ಮೇಲೆ ಮೊದಲ ಸಲ ಸರಿಯಾಗಿ ಮಾಡಿದೆ. ಹತ್ತಿರದಲ್ಲೇ ಒಂದು ಜಾಗ ಇತ್ತು. ಖಾಲಿ, ಒಂದು ದಿನವೂ ಯಾರೂ ಬಳಸದ್ದು, ನಿಯಮದಲ್ಲಿ ಹೆಸರೂ ಇಲ್ಲದ್ದು. ಅವಳ ಬೆನ್ನ ಹಿಂದೆ.

‘ಜಾಗ ಕೊಡ್ತೀಯೇನೇ?’ ಅಂತ ಮೆಲ್ಲಗೆ ಕೇಳಿದೆ.

ಅವಳಿಗೆ ಮೊದಲು ಅರ್ಥವಾಗಲಿಲ್ಲ. ನನ್ನ ಕಣ್ಣು ಅವಳ ಭುಜ ದಾಟಿ ಹೋದದ್ದನ್ನು ನೋಡಿದಳು. ಬೆನ್ನ ಹಿಂದಿನ ಬೆರಳು ಬಿಚ್ಚಿಕೊಂಡಿತು. ನಂಜುಂಡಯ್ಯನವರು ಇದು ಯಾವುದೋ ವಿಧಿ ಇರಬೇಕು ಅಂದುಕೊಂಡು ಗಂಭೀರವಾಗಿ ತಲೆ ಬಗ್ಗಿಸಿದರು. ಅವಳ ಬಲಗೈಯಿಂದ ಎತ್ತಿದೆ, ಅವಳದೇ ಎಡಗೈಗೆ ಇಟ್ಟೆ.

ಅವರಿಗೆ ಪರೀಕ್ಷಿಸಿ ನೋಡಬೇಕಲ್ಲ. ಆಗ ತಾನೇ ಬಂದ ಕಾಫಿ ಲೋಟ ಮುಂದೆ ತಳ್ಳಿ, ಇದರ ಬಿಸಿ ತೆಗಿಯಮ್ಮ ಅಂದರು. ಅವಳು ಬಲಗೈ ಚಾಚಿದಳು. ಏನೂ ಆಗಲಿಲ್ಲ, ಹಬೆ ನೆಟ್ಟಗೆ ಏಳುತ್ತಲೇ ಇತ್ತು. ಅವರಿಗೆ ಸಮಾಧಾನವಾಗಿ ಮೊಬೈಲ್ ಕಡೆ ತಿರುಗಿದರು, ಹಸಿರು ಚುಕ್ಕೆ ನೋಡೋಕೆ ಇರಬೇಕು. ನಾಗವೇಣಿ ನಾನು ಅಂಗೈ ಉಜ್ಜಿಕೊಳ್ಳೋದನ್ನೇ ನೋಡಿ ಒಂದು ಹುಬ್ಬು ಏರಿಸಿದಳು. ಎತ್ತೋ ಮೊದಲು ಕೇಳಬೇಕು ಅಂತ ಅವಳಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಹೂಂ ಅಂತ ತಲೆಯಾಡಿಸಿದೆ. ಬೆನ್ನ ಹಿಂದೆ ಅವಳ ಬೆರಳು ಆಡಿತು. ನನ್ನ ಹತ್ತೂ ಬೆರಳು ಒಲೆ ಮುಂದೆ ಕೂತ ಹಾಗೆ ಬೆಚ್ಚಗಾದವು.

ನಂಜುಂಡಯ್ಯನವರು ಕಾಫಿ ಬಾಯಿಗಿಟ್ಟು ಮುಖ ಕಿವುಚಿದರು. ಕ್ಯಾಂಟೀನಿನವನನ್ನು ಕರೆಸಿ, ಆರಿದ ಕಾಫಿ ಕೊಡೋದು ಯಾವ ಪದ್ಧತಿ ಅಂತ ಬೈದರು.

ಇದನ್ನೆಲ್ಲ ಬರೆದರೆ ಅವಳಿಗೆ ತೊಂದರೆಯಾಗಲ್ವಾ ಅಂತ ನೀವು ಕೇಳಬಹುದು. ನಾನು ಕೇಳಿಕೊಳ್ಳದೆ ಇರ್ತೀನಾ. ಮೊದಲು ಅವಳನ್ನೇ ಕೇಳಿದೆ, ಬರೀರಿ ಮೇಡಂ ಅಂದಳು. ಅವಳ ಎಡಗೈ ಕಟ್ಟಬೇಕಾದರೆ ಬಳಗದವರು ನಿಯಮದಲ್ಲಿ ಎಡಗೈ ಅಂತ ಬರೀಬೇಕು. ಬರೆದರೆ ಎಡಗೈಯಲ್ಲೂ ಕೆಲಸ ಆಗುತ್ತೆ ಅಂತ ಒಪ್ಪಿಕೊಂಡ ಹಾಗೆ. ಅದಕ್ಕಿಂತ ಬಂಡೆ ತುಂಬಿದೆ ಅಂತ ಒಪ್ಪಿಕೊಳ್ಳೋದೇ ಅವರಿಗೆ ಸುಲಭ. ಎರಡರಲ್ಲಿ ಯಾವುದು ಮಾಡಿದರೂ ನನಗೆ ಸಂತೋಷ.

ಹೋದ ತಿಂಗಳು ನನಗೇ ಹಲ್ಲುನೋವು ಬಂತು. ಮಾಲೂರಿನಿಂದ ಬಸ್ಸು ಬದಲಿಸಿ ಬದಲಿಸಿ ನಂಗಲಿಗೆ ಹೋದೆ. ಪಂಚರ್ ಅಂಗಡಿ ಪಕ್ಕ ಟೈರಿನ ಮೇಲೆ ಕೂತು ಡ್ರೈವರುಗಳು ಸರದಿ ಕಾಯುತ್ತಾರೆ. ಮೊದಮೊದಲು, ಎಡಮ ಚೇತ್ತೋನಾ, ಎಡಗೈಯಲ್ಲಾ ಅಂತ ಮುಖ ಸಿಂಡರಿಸುತ್ತಿದ್ದರಂತೆ. ಸೊಂಟ ಹಿಡಿದುಕೊಂಡ ಮನುಷ್ಯ ಬಹಳ ದಿನ ಶಾಸ್ತ್ರ ಹೇಳಲ್ಲ. ನಾಗವೇಣಿ ನನ್ನ ಗಲ್ಲಕ್ಕೆ ಎಡಗೈ ಬೆರಳಿಟ್ಟಳು. ಟ್ಯೂಬಿನ ರಬ್ಬರ್ ವಾಸನೆ.

ಎಲ್ಲಿಡ್ತೀಯೇ ಅಂತ ಮೊದಲು ಕೇಳಿದೆ. ಅವಳು ಸುತ್ತ ನೋಡಿದಳು. ಅಪ್ಪ ಸಾಮಾನು ತರೋಕೆ ಮುಳಬಾಗಿಲಿಗೆ ಹೋಗಿದ್ದರು. ಚಿತ್ತೂರು ಕಡೆಯ ಡ್ರೈವರ್ ಒಬ್ಬ ತಾನಾಗಿ ಕೈ ಎತ್ತಿದ; ಇವಳು ಬೇಡ ಅಂದಳು, ಅವನು ಗಾಡಿ ಓಡಿಸಬೇಕು. ಅಜ್ಜಿ ಒಳಗೆ ಯಾರದೋ ನಿದ್ದೆ ಮಾಡುತ್ತಿದ್ದಳು.

‘ಅರ್ಧ ನಾನಿಟ್ಕೊಳ್ತೀನಿ. ಅರ್ಧ ನೀವೇ ಇಟ್ಕೊಳ್ಳಿ ಮೇಡಂ, ಗಾಬರಿ ಪಡೋಕೆ ನಿಮ್ಗೂ ಏನಾದ್ರೂ ಬೇಕಲ್ಲ.’

ಇಟ್ಟುಕೊಂಡು ಬಸ್ ಹತ್ತಿದೆ.